ಪರಿಹಾರ ದಾನವಲ್ಲ, ಕಾಯಕದ ಋಣ

ಕಾಳುಮೆಣಸು ಕೊಯ್ಲು ಶುರುವಾಯಿತೆಂದರೆ ಚಿಕ್ಕಮಗಳೂರು, ಮೂಡಿಗೆರೆ, ಕಳಸದ ಕಾಫಿ ತೋಟಗಳಲ್ಲಿ ಏಣಿಗಳು ಮರಕ್ಕೆ ಒರಗುತ್ತವೆ. ಏಣಿಯಿಂದ ಬಿದ್ದವರು, ಅಲ್ಯುಮಿನಿಯಂ ಏಣಿ ವಿದ್ಯುತ್ ತಂತಿಗೆ ತಗುಲಿ ಸತ್ತವರು, ಮರಗಸಿಯಲ್ಲಿ ಸೊಂಟ ಮುರಿದುಕೊಂಡವರ ಸುದ್ದಿ ನಮಗೆ ಹೊಸದಲ್ಲ. ಆಮೇಲೆ ನಡೆಯುವುದೂ ಹೊಸದಲ್ಲ. ಸಾಹುಕಾರರು ಆಸ್ಪತ್ರೆ ಖರ್ಚು ಕೊಡುತ್ತಾರೆ, ಊರಿನ ನಾಲ್ಕು ಜನ ಕೂತು ಒಂದಿಷ್ಟು ಹಣ ಕೊಡಿಸುತ್ತಾರೆ, ಛಾಪಾ ಕಾಗದಕ್ಕೆ ಹೆಬ್ಬೆಟ್ಟು ಬೀಳುತ್ತದೆ. 'ಧರ್ಮಾತ್ಮರು' ಎಂಬ ಹೆಸರೂ ಬರುತ್ತದೆ. ನಾನೂ ಮೂಡಿಗೆರೆ ಕಡೆಯ ಸಣ್ಣ ಬೆಳೆಗಾರ. ಕಾಯಕದ ಮಾತಾಡುವ ನಾವು ಈ ಧರ್ಮಾತ್ಮತನವನ್ನು ಒಮ್ಮೆ ಒರೆಗೆ ಹಚ್ಚಬೇಕು.

ಗಾಯಗೊಂಡ ಆಳಿನ ಪರಿಹಾರ ನಮ್ಮ ಕರುಣೆಗೆ ಬಿಟ್ಟದ್ದಲ್ಲ. 1923ರ ಕಾಯ್ದೆಯಿಂದಲೇ ಅದು ಮಾಲೀಕನ ಹೊಣೆ. ಅದರ ಪಟ್ಟಿಯಲ್ಲಿ ಕಾಫಿ ತೋಟದ ಹೆಸರೇ ಇದೆ. ಆ ಕಾಯ್ದೆ ಈಗ 2020ರ ಸಾಮಾಜಿಕ ಭದ್ರತಾ ಸಂಹಿತೆಯಲ್ಲಿ ಸೇರಿಹೋಗಿದ್ದರೂ ತಿರುಳು ಬದಲಾಗಿಲ್ಲ.

'ಆಸ್ಪತ್ರೆ ಬಿಲ್ ಕಟ್ಟಿದೆವಲ್ಲ' ಎನ್ನುವುದು ಮೊದಲ ತಪ್ಪು ಕಲ್ಪನೆ. 2009ರ ತಿದ್ದುಪಡಿಯ ಪ್ರಕಾರ ಚಿಕಿತ್ಸೆಯ ಖರ್ಚು ಬೇರೆ, ದುಡಿಯುವ ಶಕ್ತಿ ಹೋದದ್ದಕ್ಕೆ ಪರಿಹಾರ ಬೇರೆ. ತಿಂಗಳಿಗೆ 12,000 ರೂಪಾಯಿ ದುಡಿಯುವ 40 ವರ್ಷದ ಆಳು ಕೈಯ ಹೆಬ್ಬೆರಳು ಕಳೆದುಕೊಂಡರೆ, ಕಾಯ್ದೆಯ ಲೆಕ್ಕದಲ್ಲಿ ಸಲ್ಲಬೇಕಾದದ್ದು 3,97,807 ರೂಪಾಯಿ. ಊರಿನ ರಾಜಿಯಲ್ಲಿ ಸಿಗುವುದು ಎಷ್ಟೆಂದು ಓದುಗರಿಗೆ ಗೊತ್ತು.

'ಅವನೇ ಅಜಾಗರೂಕತೆಯಿಂದ ಬಿದ್ದ' ಎಂಬುದು ಎರಡನೆಯದು. ಬರೀ ಅಜಾಗರೂಕತೆಯಿಂದ ಹಕ್ಕು ತಪ್ಪುವುದಿಲ್ಲ. ಕುಡಿದಿದ್ದರೆ, ಸುರಕ್ಷತೆಯ ಆದೇಶವನ್ನು ಬೇಕೆಂದೇ ಮೀರಿದ್ದರೆ ಮಾತು ಬೇರೆ. ಆದರೆ ಸಾವು ಅಥವಾ ಪೂರ್ಣ ಶಾಶ್ವತ ಅಂಗವೈಕಲ್ಯ ಆದಾಗ ಆ ನೆಪವೂ ನಡೆಯದು.

'ಅವರು ಮೇಸ್ತ್ರಿ ಕರೆತಂದ ಆಳುಗಳು, ನಮ್ಮ ಹಾಜರಿ ಪುಸ್ತಕದಲ್ಲಿ ಇಲ್ಲ' ಎನ್ನುವುದು ಮೂರನೆಯದು. ಗುತ್ತಿಗೆಯವನ ಆಳಾದರೂ ತೋಟದ ಮಾಲೀಕನೇ ಮೊದಲು ಕೊಡಬೇಕು. ಆಮೇಲೆ ಗುತ್ತಿಗೆಯವನಿಂದ ವಸೂಲು ಮಾಡಿಕೊಳ್ಳಬಹುದು. ತಾತ್ಕಾಲಿಕ ಕೆಲಸದವರನ್ನು ಹೊರಗಿಟ್ಟಿದ್ದ ಮಾತನ್ನು 2000ದ ತಿದ್ದುಪಡಿಯಲ್ಲೇ ತೆಗೆದುಹಾಕಲಾಗಿದೆ. ಅಸ್ಸಾಮಿನಿಂದ ಬಂದ ದಿನಗೂಲಿಯವನಿಗೂ ಲೈನ್ ಮನೆಯಲ್ಲಿ ಹುಟ್ಟಿ ಬೆಳೆದವನಿಗೂ ಒಂದೇ ನ್ಯಾಯ.

'ಕಾಗದಕ್ಕೆ ಸಹಿ ಆಯಿತು, ಇನ್ನು ಮುಗಿಯಿತು' ಎಂಬುದು ನಾಲ್ಕನೆಯದು. ಹಕ್ಕು ಬಿಟ್ಟುಕೊಟ್ಟೆನೆಂಬ ಒಪ್ಪಂದವನ್ನು ಕಾಯ್ದೆಯೇ ಅಸಿಂಧು ಎನ್ನುತ್ತದೆ. ಸತ್ತವನ ಮನೆಯವರಿಗೆ ಕೊಡುವ ಪರಿಹಾರವನ್ನು ಅಧಿಕಾರಿಯ ಬಳಿಯೇ ಠೇವಣಿ ಇಡಬೇಕು. ವಿಧವೆಯ ಹಣ ನಡುವಿನವರ ಜೇಬು ಸೇರದಿರಲೆಂದೇ ಈ ಏರ್ಪಾಡು.

ಎಡಗೈ ಕಳೆದುಕೊಂಡ ಬಡಗಿಯೊಬ್ಬನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ 1975ರಲ್ಲಿ ಹೇಳಿದ್ದು ನಮಗೂ ಪಾಠ. ಒಂದು ಕೈಯಲ್ಲಿ ಬಡಗಿ ಕೆಲಸ ಆಗದು, ಆದ್ದರಿಂದ ಅವನ ನಷ್ಟ ಪೂರ್ತಿ ನಷ್ಟವೇ ಎಂದಿತು ಕೋರ್ಟು. ಕಾಯಕ ಹೋದರೆ ಮನುಷ್ಯನಿಗೆ ಏನು ಹೋಗುತ್ತದೆಂದು ಶರಣರ ಅನುಯಾಯಿಗಳಿಗೆ ಬೇರೆಯವರು ಬಂದು ಹೇಳಬೇಕೆ?

ಕಾಫಿ ದರ ಬಿದ್ದ ವರ್ಷ ಐದು ಎಕರೆಯವನು ನಾಲ್ಕು ಲಕ್ಷ ಎಲ್ಲಿಂದ ತರಬೇಕು ಎಂಬ ಪ್ರಶ್ನೆ ನ್ಯಾಯವಾದದ್ದೇ. ಅದಕ್ಕೆಂದೇ ಕಾರ್ಮಿಕ ಪರಿಹಾರದ ವಿಮೆ ಇದೆ. ಗೊಬ್ಬರ, ಔಷಧಿಗೆ ಲೆಕ್ಕ ಇಡುವಂತೆ ಅದರ ಕಂತಿಗೂ ಇಡೋಣ. ಕಬ್ಬಿಣದ ಏಣಿ, ಅಲ್ಯುಮಿನಿಯಂ ಏಣಿಗಳನ್ನು ತಂತಿಯ ಹತ್ತಿರ ಒಯ್ಯದಂತೆ ನೋಡಿಕೊಳ್ಳೋಣ.

ಮಠದ ಜಗಲಿಯಲ್ಲಿ ರಾಜಿಗೆ ಕೂರುವ ಹಿರಿಯರಲ್ಲಿ ನನ್ನದೊಂದು ಬಿನ್ನಹ. ಮೊತ್ತದ ಮಾತೆತ್ತುವ ಮೊದಲು ಆ ಕುಟುಂಬವನ್ನು ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಕಳುಹಿಸಿ. ಪರಿಶಿಷ್ಟ ಜಾತಿ, ಪಂಗಡದವರಿಗೆ ಮತ್ತು ಮಹಿಳೆಯರಿಗೆ ಅಲ್ಲಿ ವಕೀಲರ ನೆರವು ಉಚಿತ. ತನ್ನ ಹಕ್ಕನ್ನು ಕೇಳಿದವನಿಗೆ ಉಂಡ ಮನೆಗೆ ದ್ರೋಹ ಬಗೆದವನೆಂಬ ಪಟ್ಟ ಕಟ್ಟಬೇಡಿ. ಆ ಮನೆಯ ಅನ್ನ ಬೆಳೆದದ್ದು ಅವನ ಬೆವರಿನಲ್ಲೇ.