ಸೂರಿನ ಲೆಕ್ಕ ಮತ್ತು ಸಂಘಗಳ ಮೌನ

ಹೊರನಾಡ ಕನ್ನಡಿಗನ ಬದುಕಿನ ಕುರಿತು ನಮ್ಮ ಸಂಘಗಳ ವೇದಿಕೆಗಳಲ್ಲಿ ನಡೆಯುತ್ತ ಬಂದಿರುವ ಚರ್ಚೆಗಳನ್ನು ಗಮನಿಸಿದವರಿಗೆ ಒಂದು ಸಂಗತಿ ಹೊಳೆಯದೇ ಇರದು. ಭಾಷೆಯ ಅಳಿವು-ಉಳಿವು, ಮಕ್ಕಳ ಮಾತೃಭಾಷಾ ಶಿಕ್ಷಣ, ಯಕ್ಷಗಾನದ ಭವಿತವ್ಯ, ಗಡಿ ವಿವಾದ ಎಲ್ಲವೂ ಅಲ್ಲಿ ಚರ್ಚೆಗೆ ಬರುತ್ತವೆ. ಈ ನಗರದಲ್ಲಿ ಕನ್ನಡಿಗನೊಬ್ಬ ತನ್ನ ತಲೆಯ ಮೇಲಿನ ಸೂರನ್ನು ಯಾವ ಕಾಗದದ ಬಲದಿಂದ ಉಳಿಸಿಕೊಳ್ಳುತ್ತಾನೆ ಎಂಬ ಪ್ರಶ್ನೆ ಮಾತ್ರ ಬರುವುದಿಲ್ಲ. ಅದು ಸಂಸ್ಕೃತಿಯ ಪ್ರಶ್ನೆಯಲ್ಲ ಎಂಬ ಭಾವನೆ ನಮ್ಮಲ್ಲಿ ಬೇರೂರಿದೆ. ಈ ಭಾವನೆ ತಪ್ಪು ಮಾತ್ರವಲ್ಲ, ಅದು ನಮ್ಮವರೇ ಆದ ಸಾವಿರಾರು ಜನರಿಗೆ ನಾವು ಬಗೆಯುತ್ತಿರುವ ಅನ್ಯಾಯ ಎಂಬುದೇ ಈ ಲೇಖನದ ವಾದ.

ಮುಂಬಯಿ ಕನ್ನಡಿಗನೆಂದೊಡನೆ ನಮ್ಮ ಕಣ್ಣಮುಂದೆ ನಿಲ್ಲುವ ಚಿತ್ರ ಸಿದ್ಧವಾಗಿಯೇ ಇದೆ. ಕರಾವಳಿಯಿಂದ ಬರಿಗೈಯಲ್ಲಿ ಬಂದು, ಹೋಟೆಲಿನಲ್ಲಿ ದುಡಿದು, ರಾತ್ರಿಶಾಲೆಯಲ್ಲಿ ಕಲಿತು, ಮುಂದೆ ಉದ್ಯಮಿಯೋ ವಕೀಲನೋ ಬ್ಯಾಂಕ್ ಅಧಿಕಾರಿಯೋ ಆದ ಸಾಹಸಿಯ ಚಿತ್ರವದು. ಅದು ಸುಳ್ಳಲ್ಲ, ಹೆಮ್ಮೆಪಡಬೇಕಾದದ್ದೇ. ಆದರೆ ಕಲಬುರಗಿ, ಯಾದಗಿರಿ, ವಿಜಯಪುರ, ರಾಯಚೂರಿನ ಕಡೆಯಿಂದ ಬರಗಾಲದ ಬೆನ್ನಿಗೆ ರೈಲು ಹತ್ತಿ ಬಂದು, ಬೆಳಗ್ಗೆ ನಾಕಾದಲ್ಲಿ ಬುಟ್ಟಿ-ಸಲಿಕೆ ಹಿಡಿದು ಮುಕಾದಮನ ಕರೆಗೆ ಕಾದು ನಿಲ್ಲುವ ಗಂಡಸು-ಹೆಂಗಸರೂ ಮುಂಬಯಿ ಕನ್ನಡಿಗರೇ. ಅವರು ಮನೆಯಲ್ಲಿ ಆಡುವುದು ಕನ್ನಡವನ್ನೇ. ಅವರ ಮಕ್ಕಳಿಗಾಗಿಯೇ ಮಹಾನಗರಪಾಲಿಕೆಯ ಕನ್ನಡ ಶಾಲೆಗಳು ಇನ್ನೂ ಉಸಿರಾಡುತ್ತಿವೆ. ನಮ್ಮ ಸಭಾಂಗಣಗಳ ಮೆಟ್ಟಿಲನ್ನು ಅವರು ಹತ್ತಿದ್ದು ಬಹುಮಟ್ಟಿಗೆ ಅವುಗಳನ್ನು ಕಟ್ಟುವಾಗ ಮಾತ್ರ.

ಈ ಜನರ ಬದುಕನ್ನು ನಿರ್ಧರಿಸುತ್ತಿರುವುದು ಬಡತನ ಮಾತ್ರವಲ್ಲ, ಒಂದು ತಾರೀಖು ಕೂಡ ಹೌದು. 1976ರಲ್ಲಿ ಸರಕಾರ ಮುಂಬಯಿಯ ಝೋಪಡಪಟ್ಟಿಗಳ ಗಣತಿ ನಡೆಸಿ ಗುರುತುಪತ್ರ ಹಂಚಿತು. ಜನರ ಬಾಯಲ್ಲಿ ಅದು 'ಫೋಟೋಪಾಸು'. ಅಂದಿನಿಂದ ಕಾಗದವಿದ್ದವನು ನಿವಾಸಿ, ಇಲ್ಲದವನು ಅತಿಕ್ರಮಿ ಎಂದಾಯಿತು. 1981ರ ಮಳೆಗಾಲದಲ್ಲಿ ಮುಖ್ಯಮಂತ್ರಿ ಎ.ಆರ್. ಅಂತುಳೆಯವರ ಸರಕಾರ ಪಾದಚಾರಿ ಮಾರ್ಗಗಳ ಮೇಲೆ ಬದುಕುತ್ತಿದ್ದವರನ್ನು ಎಬ್ಬಿಸಿ ಅವರವರ ಊರುಗಳಿಗೆ ಸಾಗಹಾಕಲು ಹೊರಟಾಗ ಪ್ರಕರಣ ಸರ್ವೋಚ್ಚ ನ್ಯಾಯಾಲಯದವರೆಗೆ ಹೋಯಿತು. ಓಲ್ಗಾ ಟೆಲಿಸ್ ಪ್ರಕರಣವೆಂದು ಹೆಸರಾದ 1985ರ ಆ ತೀರ್ಪು ಜೀವಿಸುವ ಹಕ್ಕಿನಲ್ಲಿ ಜೀವನೋಪಾಯದ ಹಕ್ಕೂ ಅಡಗಿದೆ ಎಂದು ಸಾರಿತು. ಆದರೆ ಅದೇ ತೀರ್ಪು ತೆರವು ಕಾರ್ಯಾಚರಣೆಯನ್ನು ಮಳೆಗಾಲ ಮುಗಿಯುವವರೆಗೆ ಮುಂದೂಡಿತೇ ಹೊರತು ರದ್ದುಮಾಡಲಿಲ್ಲ. ಬದಲಿ ಜಾಗದ ಭರವಸೆ ದೊರೆತದ್ದು 1976ರ ಗಣತಿಯ ಕಾಗದವಿದ್ದವರಿಗೆ. ತತ್ವ ಎಲ್ಲರಿಗೂ ದೊರೆಯಿತು, ನೆಲ ಮಾತ್ರ ಕಾಗದವಿದ್ದವರ ಪಾಲಾಯಿತು.

1995ರಲ್ಲಿ ಝೋಪಡಪಟ್ಟಿ ಪುನರ್ವಸನ ಪ್ರಾಧಿಕಾರ ಅಸ್ತಿತ್ವಕ್ಕೆ ಬಂದಾಗ 1995ರ ಜನವರಿ 1 ಗಡುವಿನ ದಿನವಾಯಿತು. ಅನಂತರ ಅದು 2000ದ ಜನವರಿ 1ಕ್ಕೆ ಸರಿಯಿತು. ಮುಂದೆ 2000ದಿಂದ 2011ರ ಜನವರಿ 1ರ ನಡುವೆ ಬಂದು ನೆಲೆಸಿದವರಿಗೆ ಹಣ ತೆತ್ತು ಮನೆ ಪಡೆಯುವ ಅವಕಾಶ ಬಂತು. ಆ ಮೊತ್ತವನ್ನು 2023ರಲ್ಲಿ ಎರಡೂವರೆ ಲಕ್ಷ ರೂಪಾಯಿಗೆ ನಿಗದಿಪಡಿಸಲಾಯಿತು. ಮನೆಯ ಅಳತೆಯೂ 225 ಚದರ ಅಡಿಯಿಂದ 269ಕ್ಕೆ, ಅಲ್ಲಿಂದ 300ಕ್ಕೆ ಏರಿತು. ಧಾರಾವಿಯ ಪುನರಭಿವೃದ್ಧಿ ಯೋಜನೆಯಲ್ಲಿ ಈ ವಿಂಗಡಣೆ ಇನ್ನಷ್ಟು ಸೂಕ್ಷ್ಮವಾಗಿದೆ. 2000ಕ್ಕೆ ಮೊದಲೇ ನೆಲಮಟ್ಟದ ಖೋಲಿಯಲ್ಲಿದ್ದವನಿಗೆ ಧಾರಾವಿಯಲ್ಲೇ 350 ಚದರ ಅಡಿಯ ಉಚಿತ ಮನೆ. 2000ದಿಂದ 2011ರ ನಡುವಿನವನಿಗೆ ಎರಡೂವರೆ ಲಕ್ಷಕ್ಕೆ ಧಾರಾವಿಯ ಹೊರಗೆ 300 ಚದರ ಅಡಿ. ಮೇಲಂತಸ್ತಿನವನಿಗೂ 2011ರ ಅನಂತರ 2022ರ ನವೆಂಬರ್ 15ರೊಳಗೆ ಬಂದವನಿಗೂ ಧಾರಾವಿಯ ಹೊರಗೆ ಬಾಡಿಗೆ ಮನೆ, ಕಂತು ಕಟ್ಟಿ ಕೊಳ್ಳುವ ಅವಕಾಶದೊಡನೆ. ಒಂದೇ ಓಣಿಯ, ಒಂದೇ ಗೋಡೆಯ ಎರಡು ಬದಿಯ ಇಬ್ಬರಿಗೆ ಎರಡು ಹಣೆಬರಹ. ಅದನ್ನು ಬರೆದವನು ವಿಧಿಯಲ್ಲ, ಸರ್ವೇಕ್ಷಣೆಯ ಗುಮಾಸ್ತ.

ಇದನ್ನೆಲ್ಲ 'ಉಚಿತ ಮನೆ' ಎಂದು ಕರೆಯುವುದೇ ಒಂದು ಮೋಸ. ಬಡವ ಬಿಟ್ಟುಕೊಟ್ಟ ನೆಲದ ಮೇಲೆ ಹೆಚ್ಚುವರಿ ಮಹಡಿಗಳನ್ನು ಎತ್ತಿ ಮುಕ್ತ ಮಾರುಕಟ್ಟೆಯಲ್ಲಿ ಮಾರಿದ ಲಾಭದಿಂದ ಬಿಲ್ಡರನು ಆ ಮನೆಯನ್ನು ಕಟ್ಟುತ್ತಾನೆ. ಆದುದರಿಂದ ಅದು ದಾನವಲ್ಲ, ವಿನಿಮಯ. ದಾನವೆಂದು ನಂಬಿದವನು ಕೈಯೊಡ್ಡಿ ಕಾಯುತ್ತಾನೆ, ವಿನಿಮಯವೆಂದು ತಿಳಿದವನು ಲೆಕ್ಕ ಕೇಳುತ್ತಾನೆ. ನಮ್ಮ ಜನಕ್ಕೆ ಲೆಕ್ಕ ಕೇಳುವುದನ್ನು ಕಲಿಸಿದವರು ಯಾರು?

ಈ ಲೆಕ್ಕದಲ್ಲಿ ಹೊರನಾಡಿನ ಕೂಲಿಕಾರ ಎಲ್ಲಿ ಸೋಲುತ್ತಾನೆ ಎಂಬುದನ್ನು ನೋಡೋಣ. ಅರ್ಹತೆಗೆ ಎರಡು ತುದಿಯ ಪುರಾವೆ ಬೇಕು. ಗಡುವಿಗೆ ಮೊದಲೇ ಇಲ್ಲಿದ್ದೆ ಎಂಬುದಕ್ಕೊಂದು, ಇಂದೂ ಇಲ್ಲೇ ಇದ್ದೇನೆ ಎಂಬುದಕ್ಕೊಂದು. ಹಳೆಯ ಮತದಾರರ ಪಟ್ಟಿ, ವಿದ್ಯುತ್ ಬಿಲ್ಲು, ರೇಷನ್ ಕಾರ್ಡು, ಫೋಟೋಪಾಸು, ಅಂಗಡಿಯಿದ್ದರೆ ಗುಮಾಸ್ತಾ ಪರವಾನಗಿ ಇವೇ ಆ ಪುರಾವೆಗಳು. ಬಿತ್ತನೆಗೆ, ಸುಗ್ಗಿಗೆ, ಊರ ಜಾತ್ರೆಗೆ ತಿಂಗಳುಗಟ್ಟಲೆ ಹೋಗಿಬರುವವನ ಬಾಗಿಲಿಗೆ ಸರ್ವೇಕ್ಷಣೆಯ ದಿನ ಬೀಗವಿದ್ದರೆ ಎರಡನೆಯ ತುದಿ ತುಂಡಾಗುತ್ತದೆ. ಇನ್ನು ಹೆಸರಿನ ತೊಡಕು ಬೇರೆ. ತನ್ನ ಹೆಸರು, ತಂದೆಯ ಹೆಸರು, ಅಡ್ಡಹೆಸರು ಎಂಬ ಮಹಾರಾಷ್ಟ್ರದ ಕ್ರಮಕ್ಕೆ ನಮ್ಮ ಮಲ್ಲಪ್ಪ, ಶರಣಮ್ಮ ಒಗ್ಗುವುದಿಲ್ಲ. ರೇಷನ್ ಕಾರ್ಡಿನಲ್ಲಿ ಊರ ಹೆಸರೇ ಅಡ್ಡಹೆಸರಾಗಿ, ವಿದ್ಯುತ್ ಬಿಲ್ಲಿನಲ್ಲಿ ತಂದೆಯ ಹೆಸರು ಕೊನೆಗೆ ಬಂದು, ಮತದಾರರ ಪಟ್ಟಿಯಲ್ಲಿ ಕನ್ನಡದ ದ್ವಿತ್ವಾಕ್ಷರ ಕಳಚಿಹೋಗಿ, ಒಬ್ಬನೇ ಮನುಷ್ಯ ಮೂರು ಕಾಗದಗಳಲ್ಲಿ ಮೂವರಾಗುತ್ತಾನೆ. ಪರಿಶಿಷ್ಟ-2 ಎಂಬ ಅರ್ಹರ ಪಟ್ಟಿ ಹೊರಬಿದ್ದಾಗ ಆ ಮೂವರಲ್ಲಿ ಯಾರೂ ಅದರಲ್ಲಿರುವುದಿಲ್ಲ.

ಇದಕ್ಕಿಂತ ಕ್ರೂರವಾದದ್ದು ಎರಡು ರಾಜ್ಯಗಳ ನಡುವಿನ ಇಕ್ಕಟ್ಟು. ಊರಿನ ರೇಷನ್ ಕಾರ್ಡನ್ನು ಉಳಿಸಿಕೊಂಡರೆ ಮುಂಬಯಿಯ ಸೂರಿಗೆ ಒಂದು ಪುರಾವೆ ಕಡಿಮೆ. ಮುಂಬಯಿಯ ಕಾರ್ಡು ಮಾಡಿಸಿದರೆ ಊರಿನ ಕಾರ್ಡಿನಿಂದ ಹೆಸರು ತೆಗೆಸಬೇಕು. 'ಒಂದು ರಾಷ್ಟ್ರ, ಒಂದು ರೇಷನ್ ಕಾರ್ಡು' ವ್ಯವಸ್ಥೆಯಿಂದಾಗಿ ಕರ್ನಾಟಕದ ಕಾರ್ಡಿನ ಮೇಲೆ ಕೇಂದ್ರದ ಪಾಲಿನ ತಲಾ 5 ಕಿಲೋ ಧಾನ್ಯವನ್ನು ಮುಂಬಯಿಯ ಅಂಗಡಿಯಲ್ಲೂ ಪಡೆಯಬಹುದು. ಮನೆಯವರಲ್ಲಿ ಅರ್ಧ ಜನ ಇಲ್ಲಿ, ಅರ್ಧ ಜನ ಊರಲ್ಲಿ ತಮ್ಮ ತಮ್ಮ ಪಾಲು ಎತ್ತಬಹುದು. ಇದನ್ನು ನಮ್ಮ ನಾಕಾದ ಹೆಣ್ಣುಮಗಳಿಗೆ ಕನ್ನಡದಲ್ಲಿ ಹೇಳಿದವರು ಎಷ್ಟು ಜನ? ಆದರೆ ಕರ್ನಾಟಕ ತಾನಾಗಿ ಕೊಡುವ ಹೆಚ್ಚುವರಿ ಪಾಲು ಗಡಿ ದಾಟುವುದಿಲ್ಲ. 2023ರಲ್ಲಿ ಕರ್ನಾಟಕ ಗೃಹಲಕ್ಷ್ಮಿ ಯೋಜನೆಯಡಿ ತಿಂಗಳಿಗೆ 2000 ರೂಪಾಯಿ ಕೊಡತೊಡಗಿದಾಗ ಅದು ದೊರೆತದ್ದು ಆ ರಾಜ್ಯದ ರೇಷನ್ ಕಾರ್ಡಿನಲ್ಲಿ ಯಜಮಾನಿಯಾಗಿದ್ದವಳಿಗೆ. 2024ರಲ್ಲಿ ಮಹಾರಾಷ್ಟ್ರ ಲಾಡಕೀ ಬಹೀಣ ಯೋಜನೆಯಡಿ 1500 ರೂಪಾಯಿಗೆ ಅರ್ಜಿ ಕರೆದಾಗ ನಿವಾಸ ಪ್ರಮಾಣಪತ್ರ, ಇಲ್ಲವೇ 15 ವರ್ಷ ಹಿಂದಿನ ರೇಷನ್ ಕಾರ್ಡು, ಮತದಾರರ ಚೀಟಿಯಂಥ ದಾಖಲೆ ಕೇಳಿತು. ಊರಲ್ಲಿ ಕಾರ್ಡು ಅತ್ತೆಯ ಹೆಸರಿನಲ್ಲಿ, ಮುಂಬಯಿಯಲ್ಲಿ ಹತ್ತೇ ವರ್ಷದ ವಾಸ. ಅಂಥವಳಿಗೆ ಕರ್ನಾಟಕವೂ ಇಲ್ಲ, ಮಹಾರಾಷ್ಟ್ರವೂ ಇಲ್ಲ. ಗಡಿಯ ಹಳ್ಳಿಗಳಿಗಾಗಿ ಬೀದಿಗಿಳಿಯುವ ಎರಡೂ ರಾಜ್ಯಗಳ ವೀರರಿಗೆ ಈ ಹೆಣ್ಣುಮಗಳು ಯಾರ ಪ್ರಜೆ ಎಂಬ ಚಿಂತೆ ಇದ್ದಂತಿಲ್ಲ.

ಜಾತಿ ಪ್ರಮಾಣಪತ್ರದ ಕತೆಯೂ ಇದೇ. ಕರ್ನಾಟಕದಲ್ಲಿ ಪರಿಶಿಷ್ಟ ಜಾತಿಯಾದ ಲಂಬಾಣಿ ಮಹಾರಾಷ್ಟ್ರದಲ್ಲಿ ವಿಮುಕ್ತ ಜಾತಿಗೆ ಸೇರುತ್ತಾನೆ. ಒಂದು ರಾಜ್ಯದಲ್ಲಿ ಪರಿಶಿಷ್ಟನಾದವನು ವಲಸೆ ಹೋದ ರಾಜ್ಯದಲ್ಲಿ ಆ ಸೌಲಭ್ಯ ಕೇಳುವಂತಿಲ್ಲ ಎಂದು ಸರ್ವೋಚ್ಚ ನ್ಯಾಯಾಲಯದ ಸಂವಿಧಾನ ಪೀಠ 1990ರಲ್ಲಿ ತೀರ್ಪಿತ್ತ ಪ್ರಕರಣ ಹುಟ್ಟಿದ್ದು ಈ ನಗರದಲ್ಲೇ, ಪರಳದ ಸೇಠ್ ಜಿ.ಎಸ್. ವೈದ್ಯಕೀಯ ಕಾಲೇಜಿನ ಪ್ರವೇಶದ ಪ್ರಶ್ನೆಯಲ್ಲಿ. 1994ರಲ್ಲಿ ಇನ್ನೊಂದು ಸಂವಿಧಾನ ಪೀಠ ಅದನ್ನೇ ಎತ್ತಿಹಿಡಿಯಿತು. ರೈಲು ಹತ್ತುವಾಗ ಅಸ್ಪೃಶ್ಯತೆ ಜೊತೆಗೇ ಬರುತ್ತದೆ, ಅದಕ್ಕೆ ಪರಿಹಾರವಾಗಿ ಬಂದ ಹಕ್ಕು ಮಾತ್ರ ನಿಲ್ದಾಣದಲ್ಲೇ ಉಳಿಯುತ್ತದೆ!

ಇನ್ನು ದುಡಿಮೆಯ ಪಾಲು. ಕಟ್ಟಡ ಕಾರ್ಮಿಕರ ಕಲ್ಯಾಣಕ್ಕೆಂದು 1996ರಲ್ಲಿ ಬಂದ ಕಾಯಿದೆಗಳನ್ವಯ ನಿರ್ಮಾಣ ವೆಚ್ಚದ ಶೇಕಡಾ 1ರಷ್ಟು ಸೆಸ್ ಸಂಗ್ರಹವಾಗುತ್ತ ಬಂತು. 2025ರ ನವೆಂಬರ್ 21ರಿಂದ ಆ ಕಾಯಿದೆಗಳ ಸೆಸ್ ಮತ್ತು ಕಲ್ಯಾಣದ ನಿಯಮಗಳು ಸಾಮಾಜಿಕ ಭದ್ರತಾ ಸಂಹಿತೆಯಲ್ಲಿ ವಿಲೀನವಾಗಿವೆ. ಸೆಸ್ ಉಳಿದಿದೆ, 18ರಿಂದ 60 ವರ್ಷದೊಳಗಿನವನು ಹಿಂದಿನ 12 ತಿಂಗಳಲ್ಲಿ 90 ದಿನ ದುಡಿದಿರಬೇಕೆಂಬ ನಿಯಮವೂ ಉಳಿದಿದೆ. ದೇಶದಾದ್ಯಂತ ಸಂಗ್ರಹವಾದ ಸುಮಾರು 37,400 ಕೋಟಿ ರೂಪಾಯಿಗಳಲ್ಲಿ ಖರ್ಚಾದದ್ದು ಸುಮಾರು 9,500 ಕೋಟಿ ಮಾತ್ರ ಎಂಬುದನ್ನು ಕಂಡು 2018ರಲ್ಲಿ ಸರ್ವೋಚ್ಚ ನ್ಯಾಯಾಲಯವೇ ಖೇದ ವ್ಯಕ್ತಪಡಿಸಿತು. ಹಣ ಉಳಿದದ್ದು ಕಾರ್ಮಿಕರು ಇಲ್ಲದ್ದಕ್ಕಲ್ಲ. ದಿನಕ್ಕೊಬ್ಬ ಯಜಮಾನನ ಕೈಕೆಳಗೆ ದುಡಿಯುವ ನಾಕಾ ಕಾರ್ಮಿಕನಿಗೆ 90 ದಿನದ ಪ್ರಮಾಣಪತ್ರಕ್ಕೆ ಸಹಿ ಹಾಕುವ ಯಜಮಾನ ಯಾರು? ಹಾಕಿಸಿಕೊಂಡರೂ ನೋಂದಣಿಯನ್ನು ನವೀಕರಿಸದಿದ್ದರೆ ಅದು ಸತ್ತ ಕಾಗದ. ಮಹಾರಾಷ್ಟ್ರದ ಮಂಡಳಿಯಲ್ಲಿ ನೋಂದಣಿ ಜೀವಂತವಿದ್ದ ಕಾರ್ಮಿಕ ಕೆಲಸದ ವೇಳೆ ಸತ್ತರೆ ಕುಟುಂಬಕ್ಕೆ 5 ಲಕ್ಷ, ಸಹಜವಾಗಿ ಸತ್ತರೆ 2 ಲಕ್ಷ ರೂಪಾಯಿಯ ನೆರವುಂಟು. ನೋಂದಣಿ ಇಲ್ಲದವನ ಕುಟುಂಬಕ್ಕೆ ಉಳಿಯುವುದು ಹೆಣವನ್ನು ಊರಿಗೆ ಸಾಗಿಸುವ ಸಾಲ.

ಸಾಮಾನ್ಯ ಜನಕ್ಕೆ ತಿಳಿಯದ ಲೆಕ್ಕವಿರುವಲ್ಲೆಲ್ಲ ದಲಾಲಿ ಹುಟ್ಟುತ್ತಾನೆ. ಅರ್ಜಿಗೊಂದು ದರ, ಪ್ರಮಾಣಪತ್ರಕ್ಕೊಂದು ದರ, ಪಟ್ಟಿಯಲ್ಲಿ ಹೆಸರು ಸೇರಿಸುವ ಸುಳ್ಳು ಭರವಸೆಗೊಂದು ದರ. ಅವನು ಮಾರುವುದು ಹೆಚ್ಚಿನ ಪಾಲು ಸರಕಾರಿ ಕಚೇರಿಯಲ್ಲಿ ಪುಕ್ಕಟೆಯಾಗಿ ದೊರೆಯಬೇಕಾದ ಮಾಹಿತಿಯನ್ನೇ. ಅವನನ್ನು ಬಯ್ದು ಪ್ರಯೋಜನವಿಲ್ಲ. ನಾವು ಖಾಲಿ ಬಿಟ್ಟ ಕುರ್ಚಿಯಲ್ಲಿ ಅವನು ಕೂತಿದ್ದಾನೆ.

"ಇದು ಸರಕಾರದ ಕೆಲಸ, ಸಾಂಸ್ಕೃತಿಕ ಸಂಘದ ಕೆಲಸವಲ್ಲ" ಎನ್ನುವವರಿಗೆ ನಮ್ಮದೇ ಇತಿಹಾಸವನ್ನು ನೆನಪಿಸಬೇಕಾಗಿದೆ. ಹಗಲಿಡೀ ಹೋಟೆಲಿನಲ್ಲಿ ದುಡಿದ ಹುಡುಗನಿಗೆ ರಾತ್ರಿ ಅಕ್ಷರ ಕಲಿಸುವುದೂ ಸರಕಾರದ ಕೆಲಸವೇ ಆಗಿತ್ತು. ಆದರೂ ನಮ್ಮ ಹಿರಿಯರು ರಾತ್ರಿಶಾಲೆಗಳನ್ನು ತೆರೆದರು. 1902ರಲ್ಲಿ ಮೊಗವೀರ ವ್ಯವಸ್ಥಾಪಕ ಮಂಡಳಿ ಹುಟ್ಟಿದ ಕಾಲದಿಂದ ಈ ನಗರದ ಕನ್ನಡ-ತುಳು ಜನರು ಕಟ್ಟಿದ ಸಂಸ್ಥೆಗಳು ಮೊದಲು ನೋಡಿದ್ದು ತಮ್ಮವರ ಹೊಟ್ಟೆ, ವಿದ್ಯೆ, ವಸತಿಗಳನ್ನು. ವೇದಿಕೆ, ಶಾಲು, ಫಲಪುಷ್ಪ ಅನಂತರ ಬಂದವು. ಅಂದಿನ ನಿರಕ್ಷರತೆ ಅಕ್ಷರದ್ದು, ಇಂದಿನ ನಿರಕ್ಷರತೆ ಅರ್ಹತೆಯದು. "ಅವರು ನಮ್ಮ ಸದಸ್ಯರಲ್ಲವಲ್ಲ" ಎಂಬ ಇನ್ನೊಂದು ಮಾತೂ ಕೇಳಿಬರುತ್ತದೆ. ಕನ್ನಡಿಗರ ಸಂಖ್ಯಾಬಲ ಹೇಳಿ ಅನುದಾನ ಕೇಳುವಾಗ ಅವರನ್ನು ಎಣಿಸಿ, ಸದಸ್ಯತ್ವದ ಪುಸ್ತಕ ತೆರೆಯುವಾಗ ಬಿಟ್ಟುಬಿಡುವುದು ಯಾವ ನ್ಯಾಯ?

ಮಾಡಬೇಕಾದದ್ದು ದೊಡ್ಡದೇನಲ್ಲ. ಪ್ರತಿ ರವಿವಾರ ಸಂಘದ ಕಟ್ಟಡದಲ್ಲಿ, ಸಾಧ್ಯವಾದರೆ ಬಸ್ತಿಯಲ್ಲೇ, ಒಂದು ಮೇಜು ಹಾಕೋಣ. ಕನ್ನಡ-ಮರಾಠಿ ಎರಡನ್ನೂ ಬಲ್ಲ ನಿವೃತ್ತ ಬ್ಯಾಂಕ್ ನೌಕರರಿಗೂ ಪಾಲಿಕೆಯ ನೌಕರರಿಗೂ ಕಾನೂನು ಓದುವ ಮಕ್ಕಳಿಗೂ ನಮ್ಮಲ್ಲಿ ಕೊರತೆಯಿಲ್ಲ. ಬಂದವನ ಕಾಗದಗಳನ್ನು ಇಸವಿಯ ಪ್ರಕಾರ ಜೋಡಿಸಿ, ಯಾವ ಗಡುವಿನೊಳಗೆ ಅವನು ಬರುತ್ತಾನೆ, ಯಾವ ಪುರಾವೆ ಸಾಲದು ಎಂಬುದನ್ನು ಒಂದು ಹಾಳೆಯಲ್ಲಿ ಕನ್ನಡದಲ್ಲಿ ಬರೆದುಕೊಡುವುದು. ಮೂರು ಕಾಗದಗಳ ಮೂರು ಹೆಸರನ್ನು ಸರ್ವೇಕ್ಷಣೆಗೆ ಮೊದಲೇ ಪ್ರತಿಜ್ಞಾಪತ್ರ, ತಿದ್ದುಪಡಿಗಳ ಮೂಲಕ ಒಂದಾಗಿಸುವುದು. ಊರಿನ ಕಾರ್ಡೋ ಮುಂಬಯಿಯ ಕಾರ್ಡೋ ಎಂಬ ಪ್ರಶ್ನೆಯಲ್ಲಿ ಎರಡರ ಲಾಭ-ನಷ್ಟವನ್ನು ಅವರ ಮುಂದೆ ಕೂಡಿಸಿ-ಕಳೆದು ತೋರಿಸಿ, ತೀರ್ಮಾನವನ್ನು ಅವರಿಗೇ ಬಿಡುವುದು. ಸ್ವೀಕೃತಿ ಚೀಟಿ ಇಲ್ಲದೆ ಯಾವ ಅರ್ಜಿಯನ್ನೂ ಕೊಡದಂತೆ ಕಲಿಸುವುದು. ಅನರ್ಹನೆಂದು ಹೇಳಿದರೆ ಕಾರಣವನ್ನು ಬರಹದಲ್ಲಿ ಕೇಳಿ ಅವಧಿಯೊಳಗೆ ಮೇಲ್ಮನವಿ ಹೂಡಿಸುವುದು. ಇದಕ್ಕೆ 2005ರ ಮಾಹಿತಿ ಹಕ್ಕು ಕಾಯಿದೆಯಿದೆ, ಪ್ರಮಾಣಪತ್ರಗಳಂಥ ಸೇವೆಗಳನ್ನು ಗೊತ್ತಾದ ದಿನಗಳೊಳಗೆ ಕೊಡಲೇಬೇಕೆಂಬ ಮಹಾರಾಷ್ಟ್ರದ 2015ರ ಸೇವಾ ಹಕ್ಕು ಕಾಯಿದೆಯೂ ಇದೆ. ಆಯುಧಗಳಿವೆ, ಎತ್ತುವ ಕೈಗಳು ಬೇಕಾಗಿವೆ.

ಕರ್ನಾಟಕ ಸರಕಾರಕ್ಕೂ ಒಂದು ಮಾತು. ಹೊರನಾಡಿನ ಸಮ್ಮೇಳನಗಳಿಗೂ ಭವನಗಳಿಗೂ ಕೊಡುವ ಹಣದ ಒಂದಂಶವನ್ನು ಇಂಥ ಮೇಜುಗಳಿಗೆ ಕೊಡಲಿ. ತನ್ನ ಪ್ರಜೆ ಕೂಲಿಗಾಗಿ ಗಡಿ ದಾಟಿದಾಕ್ಷಣ ಅವನ ಹೊಣೆ ಮುಗಿಯಿತೆಂದು ಭಾವಿಸುವ ರಾಜ್ಯಕ್ಕೆ, ಅವನು ಹೊರನಾಡಿನಲ್ಲಿ ಕನ್ನಡ ಉಳಿಸಬೇಕೆಂದು ಉಪದೇಶಿಸುವ ಅಧಿಕಾರವಿಲ್ಲ.

ಭಾಷೆ ಉಳಿಯುವುದು ಅದನ್ನಾಡುವವರು ಒಂದೆಡೆ ನೆಲೆ ನಿಂತಾಗ. ಅನರ್ಹನೆಂದು ಬಸ್ತಿಯಿಂದ ಎತ್ತಂಗಡಿಯಾದ ಕುಟುಂಬದ ಮಗು ಮೊದಲು ಕಳೆದುಕೊಳ್ಳುವುದು ತನ್ನ ಕನ್ನಡ ಶಾಲೆಯನ್ನು. ಆ ಶಾಲೆ ಮುಚ್ಚಿದ ದಿನ ನಾವು ಖಂಡನಾ ನಿರ್ಣಯ ಮಂಡಿಸುತ್ತೇವೆ, ಪತ್ರಿಕೆಗಳಿಗೆ ಹೇಳಿಕೆ ಕೊಡುತ್ತೇವೆ. ಅದಕ್ಕಿಂತ ಮೊದಲು ಆ ಮಗುವಿನ ತಂದೆಯ ಹೆಸರು ಪಟ್ಟಿಯಲ್ಲಿದೆಯೇ ಎಂದು ನೋಡುವ ಕೆಲಸ ನಮ್ಮ ಸಂಘಗಳದ್ದು. ಮುಂದಿನ ಕಾರ್ಯಕಾರಿ ಸಮಿತಿಯ ಸಭೆಯ ವಿಷಯಪಟ್ಟಿಯಲ್ಲಿ ಅದೇ ಮೊದಲನೆಯದಾಗಿ ಬರಲಿ.