ರಾಗಕ್ಕೆ ಮಾವಿನಕಾಯಿ ಉದುರೀತೇ?

ಮಂತ್ರಕ್ಕೆ ಮಾವಿನಕಾಯಿ ಉದುರೀತೇ ಎಂದು ಗಾದೆ ಕಟ್ಟಿದವರು ನಮ್ಮ ಹಿರಿಯರು. ಆ ಹಿರಿಯರ ಮಕ್ಕಳಾದ ನಾವು ಈಗ ಮಂತ್ರವನ್ನು ಬಿಟ್ಟು ರಾಗವನ್ನು ಹಿಡಿದಿದ್ದೇವೆ. ದೀಪಕ ರಾಗವನ್ನು ಹಾಡಿದರೆ ಬೆಂಕಿ ಹತ್ತುತ್ತದೆ, ಆದ್ದರಿಂದ ಅದು ನಿಷಿದ್ಧ. ಅಮೃತವರ್ಷಿಣಿಯನ್ನು ಹಾಡಿದರೆ ಮಳೆ ಸುರಿಯುತ್ತದೆ. ಆಹಿರಿಯನ್ನು ಬೆಳಿಗ್ಗೆ ಹಾಡಿದರೆ ಆ ದಿನ ಅನ್ನ ಸಿಗುವುದಿಲ್ಲ. ಮಿಯಾಪುರದ ನಮ್ಮ ಕನ್ನಡ ಮನೆಗಳ ಮಕ್ಕಳಿಗೆ ಸರಳೆವರಸೆ, ಜಂಟಿವರಸೆಗಳ ಜೊತೆಗೆ ಈ ಪಾಠವೂ ಆಗುತ್ತಿದೆ. ಕಥೆಯೆಂದು ಹೇಳಿದರೆ ನಮ್ಮ ತಕರಾರಿಲ್ಲ. ಆದರೆ ನಿಜವೆಂದು ಹೇಳುತ್ತಿದ್ದಾರೆ.

ಹೇಳಿದರೇನು ನಷ್ಟ ಎನ್ನುವವರಿಗೆ ನಮ್ಮ ಮಹಡಿಯಲ್ಲೇ ನಡೆದ ಸಂಗತಿಯೊಂದನ್ನು ತಿಳಿಸುತ್ತೇವೆ. ಪಕ್ಕದ ಮನೆಯ ಹಿರಿಯರು ಸಂಗೀತವೆಂದರೆ ಪ್ರಾಣ ಬಿಡುವವರು. ಅವರಿಗೆ ರಕ್ತದೊತ್ತಡವಿತ್ತು. ಯಾರೋ ಮಹನೀಯರು ಶಿಬಿರವೊಂದರಲ್ಲಿ, ದಿನಕ್ಕೆರಡು ಹೊತ್ತು ಇಂಥ ರಾಗವನ್ನು ಕೇಳಿದರೆ ಮಾತ್ರೆಯ ಹಂಗಿಲ್ಲ ಎಂದರಂತೆ. ಹಿರಿಯರು ನಂಬಿದರು. ಮೂರು ತಿಂಗಳು ರಾಗ ಕೇಳಿದರು, ಮಾತ್ರೆ ಬಿಟ್ಟರು. ಒಂದು ಮುಂಜಾನೆ ಬಚ್ಚಲಲ್ಲಿ ಬಿದ್ದರು. ಪಾರ್ಶ್ವವಾಯು. ಜೀವ ಉಳಿಯಿತು, ಅರವತ್ತು ವರ್ಷ ತಾಳ ಹಾಕಿದ ಬಲಗೈ ಉಳಿಯಲಿಲ್ಲ. ಉಪದೇಶ ಮಾಡಿದ ಮಹನೀಯರು ನೋಡಲೂ ಬರಲಿಲ್ಲ.

ನಾವು ಬಿ.ಎಸ್ಸಿ. ಓದಿ ಕೇಂದ್ರ ಸರ್ಕಾರದ ಕಚೇರಿಯಲ್ಲಿ ಕಡತ ಸರಿಸುವವರು, ವಿಜ್ಞಾನಿಗಳಲ್ಲ. ಆದರೂ ಕಾಲೇಜಿನಲ್ಲಿ ಕಲಿತ ಲೆಕ್ಕ ಮರೆತಿಲ್ಲ. ಮನುಷ್ಯ ಸಾಧಾರಣವಾಗಿ ಮಾತನಾಡುವಾಗ ಹೊರಡುವ ಶಬ್ದದ ಶಕ್ತಿ ಸುಮಾರು ಒಂದು ವಾಟಿನ ಲಕ್ಷದಲ್ಲೊಂದು ಪಾಲು. ಎಂದರೆ 10 ವಾಟಿನ ಒಂದು ಬಲ್ಬು ಉರಿಸಲು 10 ಲಕ್ಷ ಜನ ಒಟ್ಟಿಗೆ ಮಾತನಾಡಬೇಕು. ಎತ್ತರದ ದನಿಯಲ್ಲಿ ಹಾಡಿದರೆ ಶಕ್ತಿ ಹೆಚ್ಚುತ್ತದೆ, ನಿಜ. ಎಣ್ಣೆಯ ಬತ್ತಿ ಹೊತ್ತುವಷ್ಟಲ್ಲ. ಮಳೆಯ ಲೆಕ್ಕವೂ ಹೀಗೆಯೇ. ಮೋಡದಲ್ಲಿನ ಸುಮಾರು 10 ಲಕ್ಷ ಸೂಕ್ಷ್ಮ ಹನಿಗಳು ಕೂಡಿದರೆ ಒಂದು ಮಳೆಹನಿ. ಅವನ್ನು ಕೂಡಿಸುವುದು ತೇವ, ಗಾಳಿ, ಶಾಖಗಳ ವ್ಯವಹಾರ. ಸ ಗ ಮ ಪ ನಿ ಎಂಬ ಐದು ಸ್ವರಗಳದ್ದಲ್ಲ.

ತಾನಸೇನನ ಕಥೆಯನ್ನು ಮುಂದಿಡುವವರುಂಟು. ಅಕ್ಬರನ ಆಸ್ಥಾನದಲ್ಲೇ ಇದ್ದ ಅಬುಲ್ ಫಜಲ್ 'ಆಯೀನ್-ಎ-ಅಕ್ಬರಿ'ಯಲ್ಲಿ ಗಾಯಕರ ಪಟ್ಟಿ ಕೊಟ್ಟಿದ್ದಾನೆ. ತಾನಸೇನನಿಗೆ ಅಲ್ಲಿ ಮೊದಲ ಸ್ಥಾನ, ಬೇರೆ ಯಾರಿಗೂ ಇಲ್ಲದ ಹೊಗಳಿಕೆ. ಬೆಂಕಿಯ ಸುದ್ದಿ ಆ ಪಟ್ಟಿಯಲ್ಲಿಲ್ಲ. ಅರಮನೆಯಲ್ಲಿ ಹಾಡಿನಿಂದ ದೀಪ ಹೊತ್ತಿದ್ದರೆ ಅಬುಲ್ ಫಜಲನಂಥವನು ಬಿಡುತ್ತಿದ್ದನೇ?

ಇದು ಹಳೆಯ ಕಾಲದ ಮಾತೆಂದೂ ತಳ್ಳಿಹಾಕುವಂತಿಲ್ಲ. 2019ರ ಬೇಸಿಗೆಯಲ್ಲಿ ತಮಿಳುನಾಡಿನ ಧಾರ್ಮಿಕ ದತ್ತಿ ಇಲಾಖೆ, ದೇವಾಲಯಗಳಲ್ಲಿ ಯಾಗದ ಜೊತೆ ಅಮೃತವರ್ಷಿಣಿ ಮುಂತಾದ ರಾಗಗಳನ್ನೂ ನುಡಿಸಬೇಕೆಂದು ಸುತ್ತೋಲೆ ಹೊರಡಿಸಿತು. ಚೆನ್ನೈಗೆ ನೀರು ಬಂದದ್ದು ಜುಲೈನಲ್ಲಿ, ಜೋಲಾರಪೇಟೆಯಿಂದ, ರೈಲಿನಲ್ಲಿ. ಇತ್ತ 2020ರ ಅಕ್ಟೋಬರ್ 13ರಂದು ಯಾರೂ ರಾಗ ಹಾಡದೆಯೇ ನಮ್ಮ ಬೇಗಂಪೇಟೆಯಲ್ಲಿ 19 ಸೆಂಟಿಮೀಟರಿನಷ್ಟು ಮಳೆ ಸುರಿದು ಊರೇ ಮುಳುಗಿತು. 1908ರಲ್ಲಿ ಮೂಸಿ ನದಿ ಉಕ್ಕಿ ಸಾವಿರಾರು ಜನ ಸತ್ತಾಗ ನಿಜಾಮರು ಕರೆಸಿಕೊಂಡದ್ದು ಗಾಯಕರನ್ನಲ್ಲ, ನಮ್ಮ ವಿಶ್ವೇಶ್ವರಯ್ಯನವರನ್ನು. ಅವರ ಸಲಹೆಯಂತೆ ಎದ್ದ ಉಸ್ಮಾನ್ ಸಾಗರ, ಹಿಮಾಯತ್ ಸಾಗರಗಳನ್ನು ಈ ಊರಿನಲ್ಲಿ ನೋಡದವರಾರು? ಅಂಗೈ ಹುಣ್ಣಿಗೆ ಕನ್ನಡಿ ಬೇಕೆ?

ಹಾಗಾದರೆ ಸಂಗೀತಕ್ಕೆ ಶಕ್ತಿಯೇ ಇಲ್ಲವೇ ಎಂದು ನಮ್ಮನ್ನು ಕೇಳುವವರಿದ್ದಾರೆ. ಇದೆ. ಶಸ್ತ್ರಚಿಕಿತ್ಸೆಗೆ ಮುನ್ನ ಸಂಗೀತ ಕೇಳಿದ ರೋಗಿಯ ಆತಂಕ ತಗ್ಗುವುದನ್ನು ವೈದ್ಯರೂ ಒಪ್ಪುತ್ತಾರೆ. ಆದರೆ ಅದು ಔಷಧದ ಪಕ್ಕದಲ್ಲಿ ಕೂರಬೇಕಾದದ್ದು, ಔಷಧದ ಪೀಠದಲ್ಲಿ ಅಲ್ಲ.

ಇನ್ನು ನಿಷೇಧದ ಮಾತು. ನಮ್ಮಲ್ಲಿ ನಿಜವಾದ ನಿಷೇಧ ಇದ್ದದ್ದು ರಾಗಕ್ಕಲ್ಲ, ಹಾಡುವ ಕೊರಳಿಗೆ. 1913ರಲ್ಲಿ ಧಾರವಾಡದಲ್ಲಿ ಹುಟ್ಟಿದ ಗಂಗೂಬಾಯಿ ಹಾನಗಲ್ಲರನ್ನು ಬಾಲ್ಯದಲ್ಲಿ ಓಣಿಯ ಜನ 'ಗಾನೇವಾಲಿ' ಎಂದು ಹಂಗಿಸುತ್ತಿದ್ದರು. 1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದಲ್ಲಿ ಗಾಂಧೀಜಿಯವರೆದುರು ಸ್ವಾಗತಗೀತೆ ಹಾಡಿದ ಆ ಹುಡುಗಿಗೆ, ಜಾತಿಯ ಕಾರಣದಿಂದ ಊಟದ ಹೊತ್ತಿನಲ್ಲಿ ಏನಾದೀತೋ ಎಂಬುದೇ ಅಳುಕು. ಮುಂದೆ ಹುಬ್ಬಳ್ಳಿಯಿಂದ ಕುಂದಗೋಳಕ್ಕೆ ರೈಲಿನಲ್ಲಿ ಓಡಾಡಿ ಸವಾಯಿ ಗಂಧರ್ವರಲ್ಲಿ ಕಲಿತರು. 2002ರಲ್ಲಿ ಪದ್ಮವಿಭೂಷಣ ಬಂದಾಗ ಹಂಗಿಸಿದವರ ಮೊಮ್ಮಕ್ಕಳು ಅವರನ್ನು ನಮ್ಮವರೆಂದು ಹೆಮ್ಮೆಪಟ್ಟರು. ಸಂಗೀತ ಲೋಕವನ್ನು ಬದಲಿಸಿದ್ದು ಹೀಗೆ: ಮಾಯೆಯಿಂದಲ್ಲ, ಎಪ್ಪತ್ತು ವರ್ಷದ ಸಾಧನೆಯಿಂದ. ಪವಾಡದ ಕಥೆಯನ್ನು ನಿಜವೆನ್ನುವವರು ಈ ಸಾಧನೆಯನ್ನೇ ಅವಮಾನಿಸುತ್ತಾರೆಂಬುದು ನಮ್ಮ ದೂರು. ಬೆಂಕಿ ಹತ್ತಿಸದ ಹಾಡು ಹಾಡೇ ಅಲ್ಲವೇ?

ಊರು ಬಿಟ್ಟು ಬಂದ ನಮ್ಮಂಥವರು ಮಕ್ಕಳಿಗೆ ಕನ್ನಡದ ಸಂಸ್ಕೃತಿಯೆಂದು ಕೊಡಬಲ್ಲವುಗಳಲ್ಲಿ ಸಂಗೀತವೂ ಒಂದು. ಅದರೊಡನೆ ಭಯವನ್ನೂ ಸುಳ್ಳನ್ನೂ ಕಟ್ಟಿಕೊಡುವುದು ಬೇಡ. ಆದ್ದರಿಂದ ಸಂಘದ ಕಾರ್ಯಕಾರಿ ಸಮಿತಿಯಲ್ಲಿ ನಮ್ಮ ಬಿನ್ನಹ ಎರಡು. ನಮ್ಮ ವೇದಿಕೆಯಿಂದ ಯಾರೂ ರಾಗದಿಂದ ರೋಗ ವಾಸಿಯೆಂದು ಸಾರಕೂಡದು. ದೀಪಕ, ಅಮೃತವರ್ಷಿಣಿಗಳ ಕಥೆಯನ್ನು ಮಕ್ಕಳಿಗೆ ಧಾರಾಳವಾಗಿ ಹೇಳಲಿ, ಕಥೆಯೆಂದೇ ಹೇಳಲಿ. ಹೇಳಿದ ಮೇಲೆ ಆ ರಾಗಗಳನ್ನು ಹಾಡಿಸಲಿ.

ಪಕ್ಕದ ಮನೆಯ ಹಿರಿಯರು ಈಗಲೂ ಸಂಜೆ ಸಂಗೀತ ಕೇಳುತ್ತಾರೆ. ಎಡಗೈಯಲ್ಲಿ ತಾಳ ಹಾಕುತ್ತಾರೆ. ಮಾತ್ರೆ ನುಂಗಿದ ಮೇಲೆ.