ಆಟದಂಗಳ: ಹಡ್ಸನ್ ನದಿಯ ಈಚೆ ದಡದಲ್ಲಿ ಜಾಕಿ

ಏಪ್ರಿಲ್ 15ರಂದು ಟಿವಿಯಲ್ಲಿ ಬೇಸ್‌ಬಾಲ್ ನೋಡಿದ ಅಜ್ಜ-ಅಜ್ಜಿಯರಿಗೆ ಗೊಂದಲವಾಗಿರಬಹುದು. ಎರಡೂ ತಂಡಗಳ ಎಲ್ಲ ಆಟಗಾರರ ಬೆನ್ನ ಮೇಲೂ ಒಂದೇ ಸಂಖ್ಯೆ, 42. ಅದು ಜಾಕಿ ರಾಬಿನ್ಸನ್ ಅವರ ಸಂಖ್ಯೆ. ಕಪ್ಪು ಆಟಗಾರರನ್ನು ದಶಕಗಳ ಕಾಲ ಹೊರಗಿಟ್ಟಿದ್ದ ಮೇಜರ್ ಲೀಗ್‌ಗೆ ಅವರು 1947ರಲ್ಲಿ ಅದೇ ದಿನ ಕಾಲಿಟ್ಟರು. ಇಷ್ಟನ್ನು ಶಾಲೆಯಲ್ಲಿ ಹೇಳಿಕೊಡುತ್ತಾರೆ. ಆದರೆ ಅದಕ್ಕೂ ಒಂದು ವರ್ಷ ಮೊದಲಿನ ಕಥೆ ನನಗೆ ಇನ್ನೂ ಇಷ್ಟ. ಅದು ಶುರುವಾದದ್ದು ನಮ್ಮ ನ್ಯೂಜೆರ್ಸಿಯಲ್ಲೇ.

ಮೈನರ್ ಲೀಗ್ ಎಂದರೆ ಏನು ಎನ್ನುವ ಅಪ್ಪ-ಅಮ್ಮಂದಿರು ಸದ್ಯಕ್ಕೆ ರಣಜಿ ಅಂದುಕೊಳ್ಳಿ. ವ್ಯತ್ಯಾಸ ಏನೆಂದರೆ, ಇಲ್ಲಿ ಪ್ರತಿ ದೊಡ್ಡ ತಂಡಕ್ಕೂ ಕೆಳಗೆ ಮೆಟ್ಟಿಲುಗಳಂತೆ ತನ್ನದೇ ಚಿಕ್ಕ ತಂಡಗಳಿರುತ್ತವೆ. ಚೆನ್ನಾಗಿ ಆಡಿದರೆ ಮೇಲಕ್ಕೆ, ಇಲ್ಲದಿದ್ದರೆ ಮನೆಗೆ. ಬ್ರೂಕ್ಲಿನ್ ಡಾಡ್ಜರ್ಸ್‌ನ ಬ್ರಾಂಚ್ ರಿಕಿ ಜಾಕಿಯವರನ್ನು ಮೊದಲು ಸೇರಿಸಿದ್ದು ಆ ಮೆಟ್ಟಿಲುಗಳಲ್ಲಿ ಅತಿ ಮೇಲಿನದಾದ ಮಾಂಟ್ರಿಯಲ್ ರಾಯಲ್ಸ್ ತಂಡಕ್ಕೆ.

1946ರ ಫೆಬ್ರವರಿಯಲ್ಲಿ ಮದುವೆ. ಕೆಲವೇ ವಾರಗಳಲ್ಲಿ ಜಾಕಿ ಮತ್ತು ರೇಚಲ್ ತರಬೇತಿಗೆಂದು ಫ್ಲೋರಿಡಾಕ್ಕೆ ಹೊರಟರು. ಜಾಕಿಯ ಅಮ್ಮ ಶೂ ಡಬ್ಬಿಯಲ್ಲಿ ಹುರಿದ ಕೋಳಿ, ಬೇಯಿಸಿದ ಮೊಟ್ಟೆ ಕಟ್ಟಿಕೊಟ್ಟಾಗ ರೇಚಲ್‌ಗೆ ಮುಜುಗರವಾಯಿತಂತೆ. (ಏರ್‌ಪೋರ್ಟಿನಲ್ಲಿ ಅಮ್ಮ ಚಪಾತಿ ಡಬ್ಬಿ ತೆಗೆದಾಗ ನಮಗಾಗುತ್ತದಲ್ಲ, ಹಾಗೆ.) ಆದರೆ ದಾರಿಯಲ್ಲಿ ಅವರನ್ನು ವಿಮಾನದಿಂದ ಇಳಿಸಿ ಸೀಟುಗಳನ್ನು ಬೇರೆಯವರಿಗೆ ಕೊಟ್ಟರು. ಕಪ್ಪು ಜನರನ್ನು ಕೂರಿಸಿ ಊಟ ಕೊಡುವ ಹೋಟೆಲ್ ಸಿಗಲಿಲ್ಲ. ಆಗ ಕೈಹಿಡಿದದ್ದು ಅತ್ತೆ ಕೊಟ್ಟ ಆ ಡಬ್ಬಿಯೇ. ಉಳಿದ ದಾರಿ ಬಸ್ಸಿನ ಹಿಂದಿನ ಸೀಟಿನಲ್ಲಿ.

ಫ್ಲೋರಿಡಾದಲ್ಲಿ ಸ್ಯಾನ್‌ಫರ್ಡ್ ಊರಿನವರ ಬೆದರಿಕೆಯಿಂದ ಅಲ್ಲಿಂದ ಹೊರಡಬೇಕಾಯಿತು. ಜಾಕ್ಸನ್‌ವಿಲ್‌ನಲ್ಲಿ ಮೈದಾನಕ್ಕೇ ಬೀಗ. ಡಿಲ್ಯಾಂಡ್‌ನಲ್ಲಿ ದೀಪ ಕೆಟ್ಟಿದೆ ಎಂದು ಪಂದ್ಯ ರದ್ದು ಮಾಡಿದರು. ಅದು ಹಗಲಿನ ಪಂದ್ಯ!

ಇಷ್ಟೆಲ್ಲ ಆದಮೇಲೆ ಏಪ್ರಿಲ್ 18 ಬಂತು. ಜೆರ್ಸಿ ಸಿಟಿಯ ರೂಸ್‌ವೆಲ್ಟ್ ಸ್ಟೇಡಿಯಂ ಕಿಕ್ಕಿರಿದಿತ್ತು. ಮೊದಲ ಸಲ ಬ್ಯಾಟ್ ಹಿಡಿದಾಗ ಜಾಕಿ ಸುಲಭವಾಗಿ ಔಟ್. ಎರಡನೇ ಸಲ ಚೆಂಡು ಬೇಲಿಯಾಚೆ, ಮೂರು ರನ್. ಓಡಿ ಮನೆ ಮುಟ್ಟಿದಾಗ, ಮುಂದೆ ಬ್ಯಾಟ್ ಮಾಡಬೇಕಿದ್ದ ಬಿಳಿಯ ಆಟಗಾರ ಜಾರ್ಜ್ ಶೂಬಾ ಕೈಕುಲುಕಿದರು. ಆ ಫೋಟೋ ಹುಡುಕಿ ನೋಡಿ, ಇಬ್ಬರ ನಗುವನ್ನೂ ನೋಡಿ. ಆಮೇಲೆ ಜಾಕಿ ಬೇಸ್‌ಗಳ ನಡುವೆ ಪಿಚರ್‌ಗಳನ್ನು ಎಷ್ಟು ಕಾಡಿದರೆಂದರೆ, ಅವರು ಗಾಬರಿಯಿಂದ ನಿಯಮ ತಪ್ಪಿ ರನ್ ಬಿಟ್ಟುಕೊಟ್ಟರು. ಐದರಲ್ಲಿ ನಾಲ್ಕು ಹಿಟ್, ನಾಲ್ಕು ರನ್, ಎರಡು ಬೇಸ್ ಕಳವು. ರಾಯಲ್ಸ್ 14, ಜೆರ್ಸಿ ಸಿಟಿ 1.

ಸ್ಕೋರ್‌ಕಾರ್ಡ್‌ನಲ್ಲಿ ಕಾಣದ ಒಂದು ಷರತ್ತೂ ಇತ್ತು. ಯಾರು ಏನೇ ಬೈದರೂ ತಿರುಗಿ ಮಾತಾಡಬಾರದು ಎಂದು ರಿಕಿ ಮೊದಲೇ ಮಾತು ತೆಗೆದುಕೊಂಡಿದ್ದರು. ಸಿರಾಕ್ಯೂಸ್‌ನಲ್ಲಿ ಎದುರಾಳಿ ತಂಡದವರು ಕಪ್ಪು ಬೆಕ್ಕನ್ನು ಮೈದಾನಕ್ಕೆ ಬಿಟ್ಟು ಗೇಲಿ ಮಾಡಿದರು. ನಮ್ಮ ಮನೆಗಳಲ್ಲೂ "ಯಾರಾದರೂ ಏನಾದರೂ ಅಂದರೆ ಸುಮ್ಮನಿರು, ಓದಿ ತೋರಿಸು" ಎನ್ನುತ್ತಾರಲ್ಲವೇ? ಹಾಗೆ ಹೇಳುವ ಅಪ್ಪ-ಅಮ್ಮಂದಿರಿಗೆ ಒಂದು ವಿಷಯ ತಿಳಿಸಬೇಕು. ಋತುವಿನ ಕೊನೆಯ ಹೊತ್ತಿಗೆ ಜಾಕಿಗೆ ನಿದ್ದೆ ಇಲ್ಲ, ಊಟ ಸೇರುವುದಿಲ್ಲ. ಮನಸ್ಸಿನ ಮೇಲೆ ಒತ್ತಡ ಹೆಚ್ಚಾಗಿದೆ, ವಿಶ್ರಾಂತಿ ಬೇಕು ಎಂದರು ಡಾಕ್ಟರ್. ಸುಮ್ಮನಿರುವುದಕ್ಕೂ ಬೆಲೆ ಇದೆ. ಅವರು ತೆತ್ತರು ಎಂದು ಎಲ್ಲರೂ ತೆರಬೇಕು ಎನ್ನುವುದು ನನಗೆ ಒಪ್ಪಿಗೆಯಿಲ್ಲ.

ಮಾಂಟ್ರಿಯಲ್ ಮಾತ್ರ ಬೇರೆಯೇ ಲೋಕ. ಅಕ್ಕಪಕ್ಕದ ಹೆಂಗಸರು ಬಸುರಿ ರೇಚಲ್‌ಗೆ ತಮ್ಮ ರೇಷನ್ ಕೂಪನ್ ಕೊಟ್ಟರು. ಜಾಕಿ .349 ಸರಾಸರಿಯೊಂದಿಗೆ ಇಡೀ ಲೀಗ್‌ಗೆ ಮೊದಲಿಗರಾದರು. ಫೈನಲ್ಸ್ ಲೂಯಿವಿಲ್ ವಿರುದ್ಧ. ಅಲ್ಲಿನ ಪ್ರೇಕ್ಷಕರು ಜಾಕಿಯನ್ನು ಹೀಯಾಳಿಸಿದ್ದು ತಿಳಿದು, ಮಾಂಟ್ರಿಯಲ್ ಜನ ತಮ್ಮೂರಿಗೆ ಬಂದ ಲೂಯಿವಿಲ್‌ನ ಪ್ರತಿಯೊಬ್ಬನನ್ನೂ ಕೂಗಿ ಕಂಗೆಡಿಸಿದರು! ಗೆದ್ದ ಮೇಲೆ ಸಂತೋಷಕ್ಕೆ ಬೀದಿಯಲ್ಲಿ ಜಾಕಿಯ ಹಿಂದೆಯೇ ಓಡಿದರು.

ರೂಸ್‌ವೆಲ್ಟ್ ಸ್ಟೇಡಿಯಂ ಅನ್ನು 1985ರಲ್ಲಿ ಕೆಡವಿದರು. ಈಗ ಅಲ್ಲಿ ಮನೆಗಳಿವೆ. ಆದರೆ ಜರ್ನಲ್ ಸ್ಕ್ವೇರ್‌ನಲ್ಲಿ ಜಾಕಿಯ ಪ್ರತಿಮೆ ಇದೆ. ಪಾತ್ ರೈಲಿನಲ್ಲಿ ನ್ಯೂಯಾರ್ಕಿಗೆ ಹೋಗುವವರು ಒಮ್ಮೆ ಅಲ್ಲಿ ಇಳಿಯಿರಿ. ಫೋಟೋ ತೆಗೆದರೆ ನಮಗೂ ಕಳಿಸಿ, ಮುಂದಿನ ಸಂಚಿಕೆಯಲ್ಲಿ ಹಾಕೋಣ.